ಕದಕ್ಕೆ ಕಣ್ಣು ಬಂದ ಕಥೆ

ಈಚೆಗೆ ಎಷ್ಟೋ ಮನೆಗಳ ಮುಂದೆ ನಿಂತರೆ, ಬೆಲ್ ಒತ್ತುವ ಮೊದಲೇ ಒಂದು ಗಾಜಿನ ಕಣ್ಣು ನಮ್ಮನ್ನು ನೋಡಿಬಿಟ್ಟಿರುತ್ತದೆ. ಅದರ ಜಾಡು ಹಿಡಿದು ಹೋದರೆ ನ್ಯೂಯಾರ್ಕ್ ನಗರದ ಕ್ವೀನ್ಸ್‌ನಲ್ಲಿದ್ದ ಒಬ್ಬ ನರ್ಸ್‌ನ ಮನೆ ಸಿಗುತ್ತದೆ.

ಮೇರಿ ವ್ಯಾನ್ ಬ್ರಿಟನ್ ಬ್ರೌನ್ ಆಫ್ರಿಕನ್ ಅಮೆರಿಕನ್ ಮಹಿಳೆ. ಗಂಡ ಆಲ್ಬರ್ಟ್ ಎಲೆಕ್ಟ್ರಾನಿಕ್ಸ್ ತಂತ್ರಜ್ಞ. ಇಬ್ಬರದೂ ಹೊತ್ತುಗೊತ್ತಿಲ್ಲದ ದುಡಿಮೆ. ರಾತ್ರಿ ಆಕೆ ಒಬ್ಬಳೇ ಇರಬೇಕಾಗುತ್ತಿತ್ತು. ಫೋನ್ ಮಾಡಿದರೆ ಪೊಲೀಸರು ನಿಧಾನವಾಗಿ ಬರುತ್ತಿದ್ದರು. ಅಪರಾತ್ರಿಯಲ್ಲಿ ಯಾರೋ ಕದ ತಟ್ಟಿದರೆ ಏನು ಮಾಡುವುದು? ಗಂಡ ಹೆಂಡತಿ ಕೂತು ಉಪಾಯ ಹೂಡಿದರು. ಕದದಲ್ಲಿ ಒಂದರ ಮೇಲೊಂದು ನಾಲ್ಕು ಇಣುಕುಗಂಡಿ. ಬಂದವರು ಎತ್ತರದವರಾಗಲಿ, ಮಕ್ಕಳಾಗಲಿ, ಮುಖ ಕಾಣುವಂತೆ ಅವುಗಳ ಹಿಂದೆ ಮೇಲೆ ಕೆಳಗೆ ಜಾರುವ ಕ್ಯಾಮೆರಾ. ಚಿತ್ರ ಮಲಗುವ ಕೋಣೆಯ ಟಿ.ವಿ.ಗೆ. ಅಲ್ಲಿಂದಲೇ ಮಾತಾಡಬಹುದು, ಗುಂಡಿ ಒತ್ತಿ ಚಿಲಕ ತೆಗೆಯಬಹುದು, ಇನ್ನೊಂದು ಗುಂಡಿಯಿಂದ ಅಪಾಯದ ಸುದ್ದಿ ಮುಟ್ಟಿಸಬಹುದು. 1966ರಲ್ಲಿ ಅರ್ಜಿ ಹಾಕಿದರು. 1969ರ ಡಿಸೆಂಬರ್ 2ರಂದು ಪೇಟೆಂಟ್ ಸಿಕ್ಕಿತು.

ಗಮನಿಸಿ, ಇದು ಅಕ್ಕಪಕ್ಕದವರ ಮೇಲಿನ ನಂಬಿಕೆಯೇ ಅಲುಗಾಡಿದ್ದ ಕಾಲ. ಅದೇ ಕ್ವೀನ್ಸ್‌ನಲ್ಲಿ 1964ರಲ್ಲಿ ಕಿಟ್ಟಿ ಜಿನೊವೀಸ್ ಎಂಬ ಯುವತಿಯ ಕೊಲೆಯಾಗಿತ್ತು. 38 ಮಂದಿ ನೆರೆಯವರು ನೋಡಿಯೂ ಸುಮ್ಮನಿದ್ದರೆಂದು ನ್ಯೂಯಾರ್ಕ್ ಟೈಮ್ಸ್ ಬರೆಯಿತು. ಆ ವರದಿ ಉತ್ಪ್ರೇಕ್ಷೆಯೆಂದು ಪತ್ರಿಕೆಯೇ ಮುಂದೆ ಒಪ್ಪಿಕೊಂಡಿತು, ಆದರೆ ನೆರೆಯ ಮೇಲಿನ ನಂಬಿಕೆ ಅಷ್ಟರಲ್ಲಿ ಸೋರಿಹೋಗಿತ್ತು. 1972ರಲ್ಲಿ ಅಮೆರಿಕದ ಶೆರಿಫರ ಸಂಘ ‘ನೇಬರ್‌ಹುಡ್ ವಾಚ್’ ಶುರುಮಾಡಿ, ಬೀದಿ ಕಾಯುವುದನ್ನೇ ನಾಗರಿಕರ ಕೆಲಸವಾಗಿಸಿತು. ಕ್ಯಾಮೆರಾ ಅಗ್ಗವಾಗಿ ಫೋನಿಗೆ ಅಂಟಿಕೊಂಡ ಮೇಲಂತೂ ಕೇಳಬೇಕೇ? 2018ರಲ್ಲಿ ಅಮೆಜಾನ್ ಡೋರ್‌ಬೆಲ್ ಕ್ಯಾಮೆರಾದ ರಿಂಗ್ ಕಂಪನಿಯನ್ನೇ ಕೊಂಡಿತು. ಬ್ರೌನ್ ದಂಪತಿಯ ಕ್ಯಾಮೆರಾ ಕದ ತಟ್ಟಿದವನನ್ನು ನೋಡಲೆಂದು ಹುಟ್ಟಿದ್ದು. ಇಂದಿನದು ಎದುರುಮನೆಯ ಗೇಟನ್ನೂ ನೋಡುತ್ತದೆ.

ನಮ್ಮ ಜಗಲಿಯಲ್ಲೂ ಕಾವಲಿತ್ತು ಅನ್ನಿ. ಎಲೆಯಡಿಕೆ ಮೆಲ್ಲುತ್ತ ಕೂತ ಅಜ್ಜಿಯ ಕಣ್ಣು ತಪ್ಪಿಸಿ ಬೀದಿ ದಾಟಿದವರಿಲ್ಲ. ಆದರೆ ಆಕೆ ‘ಯಾರ ಪೈಕಿನಪ್ಪಾ, ಊಟ ಆಯ್ತಾ?’ ಎಂದು ಕೇಳುತ್ತಿದ್ದಳು. ಅವಳ ಕಾವಲು ಎರಡೂ ಕಡೆಗೆ ಕಾಣುತ್ತಿತ್ತು. ನೋಡುವವಳು ಯಾರೆಂದು ನೋಡಿಸಿಕೊಂಡವನಿಗೂ ಗೊತ್ತಿತ್ತು.

ಮೇರಿ ಬ್ರೌನ್ 1999ರಲ್ಲಿ ತೀರಿಕೊಂಡರು. ಅವರ ಪೇಟೆಂಟಿನ ಸಂಖ್ಯೆ 34,82,037.