ಅಖಾಡದಿಂದ ನ್ಯಾಯಪೀಠಕ್ಕೆ

2017ರ ಜುಲೈ ತಿಂಗಳಿನಲ್ಲಿ ಭುವನೇಶ್ವರದ ಏಷ್ಯನ್ ಅಥ್ಲೆಟಿಕ್ಸ್ ಕೂಟದಲ್ಲಿ 1500 ಮೀಟರ್ ಓಟವನ್ನು ಗೆದ್ದು ಚಿನ್ನದ ಪದಕಕ್ಕೆ ಕೊರಳೊಡ್ಡಿದ ಕೇರಳದ ಪಿ. ಯು. ಚಿತ್ರಾ, ಆಗಸ್ಟಿನಲ್ಲಿ ಲಂಡನ್ನಿನಲ್ಲಿ ನೆರೆಯಲಿದ್ದ ವಿಶ್ವಕೂಟಕ್ಕೆ ತಾವು ಹೋಗುವುದು ಸಹಜವೆಂದೇ ಭಾವಿಸಿದ್ದಿರಬೇಕು. ಏಕೆಂದರೆ ನಿಗದಿಯಾದ ಅರ್ಹತಾ ಸಮಯವನ್ನು ಮುಟ್ಟದಿದ್ದರೂ, ತಮ್ಮ ಖಂಡದ ಕೂಟದಲ್ಲಿ ಗೆದ್ದವರಿಗೆ ಪ್ರವೇಶ ದೊರೆಯುವ ಅವಕಾಶ ಅಂತರರಾಷ್ಟ್ರೀಯ ನಿಯಮಗಳಲ್ಲಿಯೇ ಇದ್ದಿತು. ಆದರೆ ನಮ್ಮ ಅಥ್ಲೆಟಿಕ್ಸ್ ಒಕ್ಕೂಟದ ಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ. ಒಕ್ಕೂಟದ ಪಕ್ಷವೂ ತೀರ ನಿರಾಧಾರವಾದುದಲ್ಲ: ಚಿತ್ರಾ ಓಡಿದ ಕಾಲ 4 ನಿಮಿಷ 17.92 ಸೆಕೆಂಡು, ಅರ್ಹತೆಯ ಕಾಲ 4 ನಿಮಿಷ 7.50 ಸೆಕೆಂಡು, ಹತ್ತು ಸೆಕೆಂಡುಗಳ ಅಂತರವೆಂದರೆ ಆ ಓಟದಲ್ಲಿ ಅಲ್ಪವಲ್ಲ. ಚಿತ್ರಾ ಕೇರಳದ ಉಚ್ಚ ನ್ಯಾಯಾಲಯದ ಮೊರೆಹೊಕ್ಕರು. ಅವರನ್ನು ತಂಡಕ್ಕೆ ಸೇರಿಸತಕ್ಕದ್ದೆಂದು ನ್ಯಾಯಾಲಯವು ಆಜ್ಞಾಪಿಸಿತು. ಅಷ್ಟರಲ್ಲಿ ಹೆಸರು ಕಳುಹಿಸುವ ಅವಧಿ ಮುಗಿದಿತ್ತು. ಕೊಚ್ಚಿಯ ನ್ಯಾಯಾಲಯದ ಆಜ್ಞೆಗೆ ತಲೆಬಾಗಬೇಕಾದ ಹಂಗು ಅಂತರರಾಷ್ಟ್ರೀಯ ಅಥ್ಲೆಟಿಕ್ಸ್ ಸಂಸ್ಥೆಗೆ ಇರಲಿಲ್ಲ. ಗೆದ್ದ ಅರ್ಜಿಯನ್ನು ಕೈಯಲ್ಲಿ ಹಿಡಿದುಕೊಂಡು ಚಿತ್ರಾ ಊರಿನಲ್ಲಿಯೇ ಉಳಿದರು.

ಕ್ರೀಡೆಯ ಜಗಳ ನ್ಯಾಯಾಲಯದವರೆಗೆ ಏಕೆ ಹೋಗಬೇಕೆಂದು ಹಿರಿಯರನೇಕರು ಮೂಗುಮುರಿಯುವುದುಂಟು. ಆದರೆ ಸಂಬಳವೂ ಕರಾರೂ ಇಲ್ಲದ ಹವ್ಯಾಸಿ ಪಟುವಿಗೆ, ಹತ್ತು ಹನ್ನೆರಡು ವರ್ಷಗಳ ಬೆವರಿಗೆ ಪ್ರತಿಯಾಗಿ ದೊರೆಯತಕ್ಕ ಆಸ್ತಿಯೆಂದರೆ ತಂಡದಲ್ಲೊಂದು ಸ್ಥಾನ ಮಾತ್ರ; ಅದನ್ನು ಕೊಡುವ ಒಕ್ಕೂಟಗಳೋ, ನೋಂದಾಯಿತ ಖಾಸಗಿ ಸಂಘಗಳಾಗಿದ್ದೂ ದೇಶಕ್ಕೆಲ್ಲ ಒಂದೊಂದೇ ಬಾಗಿಲಾಗಿ ನಿಂತಿರುವಂಥವು. ಈ ಏಕಸ್ವಾಮ್ಯದ ದೆಸೆಯಿಂದಲೇ, ಸಂವಿಧಾನದ 226ನೆಯ ವಿಧಿಯನ್ವಯ ರಿಟ್ ಅರ್ಜಿಗಳನ್ನು ಉಚ್ಚ ನ್ಯಾಯಾಲಯಗಳು ಕೇಳಿಕೊಂಡು ಬಂದಿವೆ. ಕೇಳುತ್ತವೆಯಾದರೂ, ತಮ್ಮ ಕೈ ಎಲ್ಲಿಯವರೆಗೆ ಚಾಚಬಹುದೆಂಬ ಎಚ್ಚರ ಅವುಗಳಿಗುಂಟು: ನಿಯಮ ಪಾಲಿತವಾಯಿತೇ, ಪಕ್ಷಪಾತವೋ ದುರುದ್ದೇಶವೋ ನುಸುಳಿತೇ ಎಂದು ನೋಡುವುವೇ ಹೊರತು, ಇಬ್ಬರು ಪೈಲ್ವಾನರಲ್ಲಿ ಯಾರು ಮೇಲೆಂದು ಅಳೆಯುವ ಕೋಲು ತಮ್ಮಲ್ಲಿಲ್ಲವೆಂದು ಅವೇ ಒಪ್ಪಿಕೊಂಡಿವೆ.

2016ರ ರಿಯೋ ಒಲಿಂಪಿಕ್ಸಿಗೆ ಮುನ್ನ ಸುಶೀಲ್ ಕುಮಾರರು ಕೇಳಿದ್ದು ಇದನ್ನೇ. ಎರಡು ಒಲಿಂಪಿಕ್ ಪದಕಗಳ ಆ ಮಲ್ಲ, 74 ಕಿಲೋ ವಿಭಾಗದಲ್ಲಿ ದೇಶಕ್ಕೆ ಸ್ಥಾನ ಗಳಿಸಿಕೊಟ್ಟಿದ್ದ ನರಸಿಂಗ್ ಯಾದವರೊಡನೆ ತಮಗೊಂದು ಕುಸ್ತಿಯನ್ನು ಏರ್ಪಡಿಸಿರೆಂದು ದೆಹಲಿಯ ಉಚ್ಚ ನ್ಯಾಯಾಲಯವನ್ನು ಪ್ರಾರ್ಥಿಸಿದರು. ಅರ್ಜಿ ಜೂನಿನಲ್ಲಿ ವಜಾ ಆಯಿತು. ಆಮೇಲೆ ನರಸಿಂಗರೇ ಉದ್ದೀಪನ ಮದ್ದಿನ ಪರೀಕ್ಷೆಯಲ್ಲಿ ಸಿಕ್ಕಿ, ಕ್ರೀಡಾ ಪಂಚಾಯ್ತಿ ನ್ಯಾಯಾಲಯದಿಂದ ನಾಲ್ಕು ವರ್ಷಗಳ ನಿಷೇಧಕ್ಕೆ ಗುರಿಯಾದುದರಿಂದ, ಆ ತೂಕದಲ್ಲಿ ಭಾರತದವರಾರೂ ಅಖಾಡಕ್ಕಿಳಿಯದೇ ಹೋದರು. ವಿಧಿಯ ಹಾಸ್ಯ ಕೆಲವೊಮ್ಮೆ ಬಲು ಒರಟು.

ನನಗೆ ತೋರುವಂತೆ ಇಂಥ ವ್ಯಾಜ್ಯಗಳ ನಿಜವಾದ ತೊಡಕಿರುವುದು ಬೇರೆಡೆಯಲ್ಲಿ. ಸಾಲದ ದಾವೆಯಲ್ಲಿ ಸೋತವನು ಹಣ ತೆತ್ತು ಎದ್ದುಹೋಗುತ್ತಾನೆ. ಇಲ್ಲಿಯಾದರೋ ಅರ್ಜಿದಾರನಿಗೆ ಸಲ್ಲುವ ಪರಿಹಾರವನ್ನು ತೆರುವವನು ತಪ್ಪುಮಾಡಿದ ಸಮಿತಿಯಲ್ಲ, ಏನೂ ತಪ್ಪನ್ನೆಸಗದ ಮತ್ತೊಬ್ಬ ಪಟು. 2022ರ ಕಾಮನ್‌ವೆಲ್ತ್ ಕ್ರೀಡಾಕೂಟದ ಟೇಬಲ್ ಟೆನಿಸ್ ತಂಡದಲ್ಲಿ ನಮ್ಮ ಬೆಂಗಳೂರಿನ ಅರ್ಚನಾ ಕಾಮತ್ ಇದ್ದರು. ದಿಯಾ ಚಿತಳೆ ದೆಹಲಿಯ ನ್ಯಾಯಾಲಯಕ್ಕೆ ಹೋದ ಬಳಿಕ ಪಟ್ಟಿ ಬದಲಾಗಿ, ದಿಯಾ ಒಳಬಂದರು, ಅರ್ಚನಾ ಹೊರಬಿದ್ದರು. ಅನಂತರ ಅದೇ ನ್ಯಾಯಾಲಯದ ಬಾಗಿಲನ್ನು ಅರ್ಚನಾ ತಟ್ಟಿದರು, ಅದು ತೆರೆಯಲಿಲ್ಲ.

ಅಮೆರಿಕದ ಪದ್ಧತಿ ಬೇರೆ. ಅಲ್ಲಿ 1978ರ ಕಾಯಿದೆಯೊಂದರ ಪ್ರಕಾರ ಇಂತಹ ತಕರಾರುಗಳು ಮಧ್ಯಸ್ಥರ ಮುಂದೆ ಬರುತ್ತವೆ. 2000ದ ಸಿಡ್ನಿ ಒಲಿಂಪಿಕ್ಸಿನ ಗ್ರೀಕೋ-ರೋಮನ್ ಕುಸ್ತಿಗಾಗಿ ಡಲ್ಲಾಸಿನಲ್ಲಿ ನಡೆದ ಆಯ್ಕೆಯಲ್ಲಿ ಕೀತ್ ಸಿಯೆರಾಕಿಗೆ ಸೋತ ಮ್ಯಾಟ್ ಲಿಂಡ್‌ಲ್ಯಾಂಡ್, ಎದುರಾಳಿ ಕಾಲನ್ನು ಬಳಸಿ ನಿಯಮಭಂಗ ಮಾಡಿದನೆಂದು ದೂರಿತ್ತನು. ಮಧ್ಯಸ್ಥನು ಕುಸ್ತಿ ಮತ್ತೊಮ್ಮೆ ನಡೆಯಲೆಂದನು. ಲಿಂಡ್‌ಲ್ಯಾಂಡ್ 8–0ಯಿಂದ ಗೆದ್ದನು. ಅಷ್ಟಾದರೂ ಕುಸ್ತಿಸಂಘ ಸಿಯೆರಾಕಿಯ ಹೆಸರನ್ನೇ ಕಳುಹಿಸಿತು. ಸಿಯೆರಾಕಿ ಹೂಡಿದ ತಕರಾರಿನಲ್ಲಿ ಎರಡನೆಯ ಮಧ್ಯಸ್ಥನೊಬ್ಬ ಮೊದಲನೆಯವನಿಗೆ ತದ್ವಿರುದ್ಧವಾದ ತೀರ್ಪಿತ್ತನು. ಕೊನೆಗೆ ಷಿಕಾಗೋದ ಮೇಲ್ಮನವಿ ನ್ಯಾಯಾಲಯವು ಮರುಕುಸ್ತಿಯ ಫಲವನ್ನೇ ಎತ್ತಿಹಿಡಿಯಿತು. ಹೆಸರು ಕಳುಹಿಸುವ ಬಾಗಿಲು, ಚಿತ್ರಾರ ಪಾಲಿಗೆ ಮುಚ್ಚಿದ್ದುದು, ಲಿಂಡ್‌ಲ್ಯಾಂಡನಿಗೆ ಇನ್ನೂ ತೆರೆದಿತ್ತು. ಅವನು ಸಿಡ್ನಿಗೆ ಹೋಗಿ ಬೆಳ್ಳಿಯ ಪದಕವನ್ನು ತಂದನು. ಡಲ್ಲಾಸಿನಲ್ಲಿ ತೀರ್ಪುಗಾರರು ಕೈಯೆತ್ತಿ ಗೆದ್ದನೆಂದು ಸಾರಿದ್ದ ಸಿಯೆರಾಕಿ ಆ ಒಲಿಂಪಿಕ್ಸಿನ ಅಖಾಡವನ್ನೇರಲಿಲ್ಲ.