ಕಾಲಗಾರರ ಊರಿಗೊಂದು ಪಂಚಾಂಗ

ಮೊಮ್ಮಗಳು ಈಗ ಆರನೇ ಕ್ಲಾಸು. ಬೇಸಿಗೆ ರಜೆಗೆ ಬಂದವಳು ಉದ್ದನೆಯ ನೋಟ್‌ಬುಕ್ಕಿನಲ್ಲಿ ಕಥೆಯೊಂದನ್ನು ಬರೆಯುತ್ತಿದ್ದಳು. ಆ ಕಥೆಯ ಊರಿನವರೆಲ್ಲ ಕಾಲವನ್ನು ಹಿಂದಕ್ಕೂ ಮುಂದಕ್ಕೂ ತಿರುಗಿಸಬಲ್ಲವರು. ಅವರಿಗೆ ಅವಳಿಟ್ಟ ಹೆಸರು ‘ಕಾಲಗಾರರು’. ಒಂದು ಮಧ್ಯಾಹ್ನ ಪಕ್ಕದಲ್ಲಿ ಬಂದು ಕೂತು, “ತಾತ, ನನ್ನ ಊರಿಗೆ ಒಂದು ಕ್ಯಾಲೆಂಡರ್ ಮಾಡಿಕೊಡು. ನೀನು ಬ್ಯಾಂಕಲ್ಲಿದ್ದೆಯಲ್ಲ, ತಾರೀಕು ನಿನಗೇ ಚೆನ್ನಾಗಿ ಗೊತ್ತು” ಅಂದಳು. ಮೂವತ್ತೇಳು ವರ್ಷ ಗುಮಾಸ್ತನಾಗಿ ತಾರೀಕಿನ ಮೊಹರು ಒತ್ತಿದ ನನಗೆ ಇಂಥ ಗೌರವವನ್ನು ಯಾರೂ ಕೊಟ್ಟಿರಲಿಲ್ಲ.

ಅವಳೇ ಒಂದು ಕರಡು ಮಾಡಿದ್ದಳು. ಹತ್ತು ತಿಂಗಳು, ತಿಂಗಳಿಗೆ 36 ದಿನ, ಹತ್ತು ದಿನಕ್ಕೊಂದು ವಾರ.

“360 ಆಯ್ತು. ಉಳಿದ ಐದು ದಿನ, ಚಿಲ್ಲರೆ ಕಾಲು ದಿನ ಎಲ್ಲಿ ಹೋಯ್ತು?”

“ಕಾಲಗಾರರು ಬಿಟ್ಟುಬಿಡ್ತಾರೆ.”

“ಅವರು ಬಿಟ್ಟರೂ ಮಾವಿನ ಮರ ಬಿಡಲ್ವಲ್ಲ ಪುಟ್ಟಿ.”

ವರ್ಷಕ್ಕೆ ಐದೂಕಾಲು ದಿನ ತಪ್ಪುತ್ತ ಹೋದರೆ 35 ವರ್ಷಕ್ಕೆ ಆರು ತಿಂಗಳು ತಪ್ಪುತ್ತದೆ. ಕ್ಯಾಲೆಂಡರಿನಲ್ಲಿ ಮಾವಿನ ತಿಂಗಳು, ಹೊರಗೆ ಗಡಗಡ ಚಳಿ. ಕಾಗದದ ಮೇಲೆ ಗುಣಾಕಾರ ಮಾಡಿ ನೋಡಿ ಒಪ್ಪಿಕೊಂಡಳು.

ಹತ್ತು ದಿನದ ವಾರ ಹೊಸದಲ್ಲ. ಫ್ರಾನ್ಸಿನ ಕ್ರಾಂತಿಕಾರಿಗಳು 1793ರಲ್ಲಿ ಇಂಥದ್ದನ್ನೇ ಜಾರಿಗೆ ತಂದರು. 30 ದಿನದ ಹನ್ನೆರಡು ತಿಂಗಳು, ಪ್ರತಿ ತಿಂಗಳಲ್ಲಿ ಹತ್ತು ದಿನದ ಮೂರು ವಾರ, ವರ್ಷದ ಕೊನೆಗೆ ಐದೋ ಆರೋ ಬಿಡಿ ದಿನ. ಸಂತರ ಹೆಸರು ತೆಗೆದು ದಿನಗಳಿಗೆ ಗಿಡ, ಪ್ರಾಣಿ, ಸಲಕರಣೆಗಳ ಹೆಸರಿಟ್ಟರು. ಮೊಮ್ಮಗಳಿಗೆ ಇದು ಬಹಳ ಹಿಡಿಸಿತು. ಆದರೆ ಒಂಬತ್ತು ದಿನ ದುಡಿದ ಮೇಲೆ ಒಂದು ರಜೆ ಅಂದಾಗ ಮುಖ ಸಪ್ಪಗಾಯಿತು. 1806ರ ಜನವರಿ 1ಕ್ಕೆ ನೆಪೋಲಿಯನ್ ಅದನ್ನು ಮುಗಿಸಿದ. ಅವಳೂ ಏಳು ದಿನದ ವಾರಕ್ಕೆ ಹಿಂದಿರುಗಿದಳು.

ಕಥೆಗಾಗಿ ಕ್ಯಾಲೆಂಡರ್ ಕಟ್ಟಿದವರಲ್ಲಿ ಇಂಗ್ಲೆಂಡಿನ ಪ್ರೊಫೆಸರ್ ಟೋಲ್ಕಿನ್ ದೊಡ್ಡವರು. 1955ರಲ್ಲಿ ಬಂದ ‘ದಿ ರಿಟರ್ನ್ ಆಫ್ ದಿ ಕಿಂಗ್’ ಪುಸ್ತಕದ ಕೊನೆಯಲ್ಲಿ ಹಾಬಿಟ್ ಎಂಬ ಕುಳ್ಳರ ಕ್ಯಾಲೆಂಡರನ್ನು ಪೂರ್ತಿ ಕೊಟ್ಟಿದ್ದಾರೆ. ಅಲ್ಲೂ ತಿಂಗಳಿಗೆ 30 ದಿನ, ಉಳಿದ ಐದು ದಿನ ಯಾವ ತಿಂಗಳಿಗೂ ಸೇರಿಲ್ಲ. ಅದರಲ್ಲೂ ವರ್ಷದ ನಟ್ಟನಡುವಿನ ದಿನಕ್ಕೆ ವಾರವೇ ಇಲ್ಲ. ಅದು ಸೋಮವಾರವೂ ಅಲ್ಲ, ಮಂಗಳವಾರವೂ ಅಲ್ಲ. ಹೀಗಾಗಿ ಪ್ರತಿ ವರ್ಷವೂ ಒಂದೇ ವಾರದಂದು ಶುರುವಾಗುತ್ತದೆ, ಹಳೆಯ ಕ್ಯಾಲೆಂಡರ್ ಬಿಸಾಡಬೇಕಾಗಿಯೇ ಇಲ್ಲ. ನನ್ನಂಥ ಜಿಪುಣನಿಗೆ ಹೇಳಿ ಮಾಡಿಸಿದ್ದು.

ನಮ್ಮ ಪಂಚಾಂಗದವರೂ ಕಾಲಗಾರರಿಗೆ ಕಡಿಮೆಯಿಲ್ಲ. ಚಾಂದ್ರಮಾನದ ವರ್ಷಕ್ಕೆ ಸುಮಾರು 354 ದಿನ. ಕೊರತೆ ತುಂಬಲು ಎರಡೂವರೆ ಮೂರು ವರ್ಷಕ್ಕೊಮ್ಮೆ ಅಧಿಕಮಾಸ. ಒಂದು ತಿಥಿ ಎರಡು ಸೂರ್ಯೋದಯ ಕಾಣುವುದುಂಟು, ಇನ್ನೊಂದು ಒಂದನ್ನೂ ಕಾಣದೆ ಹೋಗುವುದುಂಟು. ನಾನು ಹುಟ್ಟಿದ್ದು ಖರ ಸಂವತ್ಸರದಲ್ಲಿ, 1951. ಅರವತ್ತು ವರ್ಷ ಸುತ್ತಿಬಂದು ಮತ್ತೆ ಖರ ಬಂದಾಗ, 2011ರಲ್ಲಿ, ಬ್ಯಾಂಕಿನವರು ಹಾರ ಹಾಕಿ ಮನೆಗೆ ಕಳಿಸಿದರು.

ಇಷ್ಟೆಲ್ಲ ಆದ ಮೇಲೆ ನಿಜವಾದ ತೊಡಕು ಎದುರಾಯಿತು. ಕಾಲಗಾರನೊಬ್ಬ ಮಂಗಳವಾರ ಕಳೆದ ಮೇಲೆ ಸೋಮವಾರಕ್ಕೆ ಹಿಂದಿರುಗಿದ ಅನ್ನಿ. ಮಾರನೆಯ ದಿನ ಬರುವ ಮಂಗಳವಾರ ಹಳೆಯದೋ ಹೊಸದೋ? ತಾರೀಕು ಎರಡಕ್ಕೂ ಒಂದೇ.

ಇಲ್ಲಿ ನನ್ನ ಬಿ.ಕಾಂ. ಉಪಯೋಗಕ್ಕೆ ಬಂತು. ಬ್ಯಾಂಕಿನ ಲೆಡ್ಜರಿನಲ್ಲಿ ತಪ್ಪು ಬರೆದರೆ ಅಳಿಸುವ ಹಾಗಿಲ್ಲ. ಅದಕ್ಕೆ ಎದುರಾಗಿ ರಿವರ್ಸ್ ಎಂಟ್ರಿ ಹಾಕಿ, ಸರಿಯಾದದ್ದನ್ನು ಹೊಸ ಸಾಲಿನಲ್ಲಿ ಬರೆದು ಇನಿಷಿಯಲ್ ಹಾಕಬೇಕು. ಮೊತ್ತ ಸರಿಹೋಗುತ್ತದೆ, ತಪ್ಪಿನ ಸಾಲು ಮಾತ್ರ ಅಲ್ಲೇ ಇರುತ್ತದೆ. ಕಾಲಗಾರರಿಗೂ ಹಾಗೇ ಮಾಡೋಣ ಅಂದೆ. ಗೋಡೆಯ ಮೇಲೆ ಊರಿಗೆಲ್ಲ ಒಂದು ಕ್ಯಾಲೆಂಡರ್, ಜೇಬಿನಲ್ಲಿ ಒಬ್ಬೊಬ್ಬರಿಗೂ ಒಂದು ಪಾಸ್‌ಬುಕ್. ಪಾಸ್‌ಬುಕ್ಕಿನಲ್ಲಿ ಅವರವರು ಬದುಕಿದ ದಿನಗಳ ಲೆಕ್ಕ. ಗೋಡೆಯ ತಾರೀಕು ಹಿಂದೆ ಹೋಗಬಹುದು, ಪಾಸ್‌ಬುಕ್ಕಿನ ಸಂಖ್ಯೆ ಏರುತ್ತಲೇ ಇರುತ್ತದೆ. ಮಂಗಳವಾರವನ್ನು ಎರಡು ಸಲ ಬದುಕಿದವನು ನೆರೆಮನೆಯವನಿಗಿಂತ ಎರಡು ದಿನ ಹೆಚ್ಚು ಮುದುಕ, ಸೋಮವಾರವೂ ಮತ್ತೆ ಬಂತಲ್ಲ!

ಅವಳು ಪೆನ್ಸಿಲ್ ಕೆಳಗಿಟ್ಟಳು. “ತಾತ, ನೀನು ಕಾಲಗಾರ ಆಗಿದ್ರೆ ಯಾವ ದಿನಕ್ಕೆ ಹೋಗ್ತಿದ್ದೆ?”

ಯೋಚಿಸಬೇಕಾಗಿ ಬರಲಿಲ್ಲ. 1981ರ ಡಿಸೆಂಬರ್ 31. ಆಗ ಬ್ಯಾಂಕುಗಳ ವರ್ಷಾಂತ್ಯದ ಕ್ಲೋಸಿಂಗ್ ಡಿಸೆಂಬರಿನಲ್ಲೇ. ನಾನು ಬಡ್ಡಿಯ ಲೆಕ್ಕದಲ್ಲಿ ಮುಳುಗಿದ್ದೆ. ಮನೆಯಲ್ಲಿ ಕೂಸಿಗೆ ಜ್ವರ ಏರಿತ್ತು. ನನ್ನವಳು ಮಗುವನ್ನು ಸೆರಗಿನಲ್ಲಿ ಸುತ್ತಿಕೊಂಡು ಒಬ್ಬಳೇ ಆಸ್ಪತ್ರೆಗೆ ನಡೆದುಹೋಗಿದ್ದಳು. ನಾನು ಮನೆಗೆ ಬಂದದ್ದು ಬೆಳಗಿನ ಜಾವ, ಬಾಗಿಲಿಗೆ ಬೀಗ. ಮಗು ಉಳಿಯಿತು, ಇವಳ ಅಮ್ಮ ಅವಳೇ. ನನ್ನವಳು ಒಂದು ಮಾತೂ ಆಡಲಿಲ್ಲ, ಅವಳು ಈಗಿಲ್ಲ.

“ನೀನು ಹಿಂದೆ ಹೋಗಿ ಅಜ್ಜಿ ಜೊತೆ ಆಸ್ಪತ್ರೆಗೆ ಹೋದ್ರೆ ಹಳೇ ಸಾಲು ಅಳಿಸಿಹೋಗುತ್ತಾ?”

“ಇಲ್ಲ ಪುಟ್ಟಿ. ನನ್ನ ಪಾಸ್‌ಬುಕ್ಕಿನಲ್ಲಿ ಆ ಸಾಲು ಇದ್ದೇ ಇರುತ್ತೆ.”

“ಇದು ಚೆನ್ನಾಗಿಲ್ಲ ತಾತ” ಅಂತ ಎದ್ದುಹೋದಳು. ಎರಡು ದಿನ ಕ್ಯಾಲೆಂಡರಿನ ಸುದ್ದಿ ಇರಲಿಲ್ಲ.

ಮೂರನೆಯ ದಿನ ನೋಟ್‌ಬುಕ್ ತಂದು ತೋರಿಸಿದಳು. ಹನ್ನೆರಡು ತಿಂಗಳು, ತಿಂಗಳಿಗೆ 30 ದಿನ. ಉಳಿದ ಐದು ದಿನಗಳಿಗೆ ಕೆಂಪು ಚೌಕ. ಆ ಐದು ದಿನ ಯಾವ ಕಾಲಗಾರನೂ ಕಾಲ ಮುಟ್ಟುವ ಹಾಗಿಲ್ಲ.

“ಯಾಕೆ?” ಅಂದೆ.

“ಆವತ್ತು ಎಲ್ಲರೂ ಮನೇಲಿರಬೇಕು. ಕ್ಲೋಸಿಂಗ್ ಇಲ್ಲ.”

ಈಗ ನನ್ನ ಪಾಸ್‌ಬುಕ್ ಬರೆಯಲು ಕೂತಿದ್ದಾಳೆ. 74 ವರ್ಷಕ್ಕೆ 27,010 ದಿನ ಅಂತ ಬರೆದಳು. ನಡುವೆ ಬಂದ 19 ಫೆಬ್ರವರಿ 29ಗಳನ್ನು ಮರೆತಿದ್ದಳು. ಹೇಳಿದೆ. ರಬ್ಬರಿಗೆ ಕೈ ಹಾಕಿದವಳು ತಡೆದು, ಕೆಳಗೆ ಹೊಸ ಸಾಲು ಬರೆದು ಇನಿಷಿಯಲ್ ಹಾಕಿದಳು.