ಚಿನ್ನ ಹೋಯಿತು, ಪಾಷಾಣ ಉಳಿಯಿತು

ಯಾದಗಿರಿ ಜಿಲ್ಲೆಯ ಅತಿ ಹಳೆಯ ಕಲ್ಲುಗಣಿ ಹುಣಸಗಿ ಹತ್ತಿರದ ಇಸಾಂಪುರದಲ್ಲಿದೆ. ಅದರ ವಯಸ್ಸು ಸುಮಾರು 12 ಲಕ್ಷ ವರ್ಷ. ಮನುಷ್ಯನ ಪೂರ್ವಜರು ಅಲ್ಲಿ ನೆಲದ ಮೇಲೆ ಎದ್ದುಕೊಂಡಿದ್ದ ಸುಣ್ಣಕಲ್ಲಿನ ಪದರುಗಳನ್ನು ಮೀಟಿ ಎಬ್ಬಿಸಿ, ಗಟ್ಟಿ ಗುಂಡುಕಲ್ಲಿನಿಂದ ಬಡಿದು ಕೈಗೊಡಲಿ ಮಾಡಿಕೊಳ್ಳುತ್ತಿದ್ದರು. ಪುಣೆಯ ಡೆಕ್ಕನ್ ಕಾಲೇಜಿನ ಕೆ. ಪದ್ದಯ್ಯ ಮತ್ತು ಅವರ ಸಂಗಡಿಗರು ಉತ್ಖನನ ಮಾಡಿದಾಗ ಚಕ್ಕೆಗಳು, ಅರ್ಧ ಕೆತ್ತಿ ಬಿಟ್ಟ ಆಯುಧಗಳು, ಬಡಿಯುವ ಕಲ್ಲುಗಳು ಬಿದ್ದಲ್ಲೇ ಸಿಕ್ಕವು. ಅಲ್ಲೇ ದೊರೆತ ಪ್ರಾಣಿಗಳ ಹಲ್ಲಿನ ಎನಾಮಲ್ ಪರೀಕ್ಷಿಸಿ ಆ ಕಾಲವನ್ನು ಗೊತ್ತುಮಾಡಲಾಯಿತು. ಇಷ್ಟು ವರ್ಷ ಬಿದ್ದಿದ್ದರೂ ಆ ಚಕ್ಕೆಗಳಿಂದ ಒಂದು ಬಾವಿಯ ನೀರೂ ಕೆಟ್ಟಿಲ್ಲ. ಅವುಗಳಲ್ಲಿ ಇದ್ದದ್ದು ಸುಣ್ಣ ಮತ್ತು ಸಿಲಿಕಾ, ಹೊರಬಂದು ಕೆಡುಕು ಮಾಡುವಂಥದ್ದು ಏನೂ ಇರಲಿಲ್ಲ.

ಹುಣಸಗಿಯೂ ಸೇರಿದ ಸುರಪುರ ಸೀಮೆಯಲ್ಲಿ ಸುಮಾರು ಒಂದು ಶತಮಾನದ ಹಿಂದೆ ತೋಡಿದ ಇನ್ನೊಂದು ಗಣಿಯ ಕಥೆ ಬೇರೆ. 1858ರಲ್ಲಿ ರಾಜಾ ವೆಂಕಟಪ್ಪ ನಾಯಕನ ಹೋರಾಟ ಮುಗಿದ ಮೇಲೆ ಬ್ರಿಟಿಷರು ಸುರಪುರ ಸಂಸ್ಥಾನವನ್ನು ವಶಪಡಿಸಿಕೊಂಡು, 1860ರಲ್ಲಿ ಹೈದರಾಬಾದಿನ ನಿಜಾಮನಿಗೆ ಕೊಟ್ಟರು. ನಿಜಾಮರ ಆಳ್ವಿಕೆಯಲ್ಲಿ ಹಟ್ಟಿಯ ಹಾಗೆ ಸುರಪುರ ತಾಲ್ಲೂಕಿನ ಮಂಗಳೂರು ಎಂಬ ಹಳ್ಳಿಯ ಸುತ್ತಲೂ ಚಿನ್ನ ಅಗೆದರು. ಕರಾವಳಿಯ ಮಂಗಳೂರಲ್ಲ, ಇದು ಕೃಷ್ಣಾ–ಭೀಮಾ ನದಿಗಳ ನಡುವಿನ ಒಣ ಸೀಮೆಯ ಮಂಗಳೂರು. ಭೂವಿಜ್ಞಾನಿಗಳು ಇಲ್ಲಿನ ಕಪ್ಪು–ಹಸಿರು ಬಣ್ಣದ ಪ್ರಾಚೀನ ಶಿಲೆಗಳ ಪಟ್ಟಿಗೆ ಮಂಗಳೂರು ಗ್ರೀನ್‌ಸ್ಟೋನ್ ಪಟ್ಟಿ ಎನ್ನುತ್ತಾರೆ. ಕೋಲಾರ, ಹಟ್ಟಿ, ಗದಗಗಳಲ್ಲಿ ಚಿನ್ನ ಸಿಕ್ಕಿದ್ದೂ ಇಂಥದೇ ಶಿಲೆಗಳಲ್ಲಿ.

ಇಂಥ ಶಿಲೆಗಳಲ್ಲಿ ಚಿನ್ನ ಒಂಟಿಯಾಗಿರುವುದು ಅಪರೂಪ. ಅದರ ಜೊತೆಗೆ ಬಹಳ ಸಲ ಆರ್ಸೆನೊಪೈರೈಟ್ ಎಂಬ ಬೆಳ್ಳಿಬಣ್ಣದ ಖನಿಜ ಇರುತ್ತದೆ. ಕಬ್ಬಿಣ, ಗಂಧಕ ಮತ್ತು ಆರ್ಸೆನಿಕ್ ಸೇರಿ ಆದದ್ದು. ಭೂಮಿಯ ಆಳದಲ್ಲಿ, ಗಾಳಿಯಿಲ್ಲದ ಕಡೆ, ಅದು ಕೋಟ್ಯಂತರ ವರ್ಷ ಸುಮ್ಮನೆ ಕೂತಿರುತ್ತದೆ. ಚಿನ್ನ ಬೇಕಾದವನು ಶಿಲೆಯನ್ನು ಮೇಲಕ್ಕೆ ತಂದು ಹಿಟ್ಟು ಮಾಡಲೇಬೇಕು, ಅದಿಲ್ಲದೆ ಚಿನ್ನದ ಕಣ ಬಿಡುವುದಿಲ್ಲ. ಒಂದು ಮೀಟರ್ ಉದ್ದ, ಅಗಲ, ಎತ್ತರದ ಕಲ್ಲಿನ ಮೈ ಎಲ್ಲಾ ಸೇರಿ 6 ಚದರ ಮೀಟರ್. ಅದನ್ನೇ ಮಿಲಿಮೀಟರಿನ ಹತ್ತನೇ ಒಂದು ಭಾಗದಷ್ಟು ಸಣ್ಣ ಕಣಗಳಾಗಿ ಪುಡಿ ಮಾಡಿದರೆ ಗಾಳಿಗೆ ಒಡ್ಡಿಕೊಂಡ ಮೈ 60 ಸಾವಿರ ಚದರ ಮೀಟರ್ ಆಗುತ್ತದೆ, ಅಂದರೆ ಸುಮಾರು 15 ಎಕರೆ. ಅಷ್ಟು ಮೈಯ ಮೇಲೆ ಆಮ್ಲಜನಕ ಮತ್ತು ಮಳೆನೀರು ಕೆಲಸ ಮಾಡುತ್ತವೆ. ಖನಿಜ ತುಕ್ಕು ಹಿಡಿಯುತ್ತದೆ, ಆರ್ಸೆನಿಕ್ ಬಿಡುಗಡೆಯಾಗುತ್ತದೆ. ಅದರಲ್ಲಿ ಒಂದು ಪಾಲು ಕಬ್ಬಿಣದ ತುಕ್ಕಿಗೆ ಅಂಟಿಕೊಂಡು ಮಣ್ಣಿನಲ್ಲಿ ನಿಲ್ಲುತ್ತದೆ. ನೀರು ಕ್ಷಾರವಾದರೆ, ಇಲ್ಲವೇ ನೀರಿನಲ್ಲಿ ಆಮ್ಲಜನಕ ತೀರಿದರೆ, ಆ ಅಂಟು ಬಿಡುತ್ತದೆ. ಆಮೇಲೆ ಅದು ಇಳಿದು ಅಂತರ್ಜಲ ಸೇರುತ್ತದೆ.

ಚಿನ್ನ ತೆಗೆದ ಮೇಲೆ ಉಳಿದ ಈ ಪುಡಿ ಗುಡ್ಡೆಯಾಗಿ ಬಿದ್ದಿರುತ್ತದೆ. ಮಂಗಳೂರು ಪಟ್ಟಿಯಲ್ಲಿ ಗಣಿ ನಿಂತಿತು, ಅಗೆದವರು ಹೋದರು, ಪುಡಿ ಇಲ್ಲೇ ಉಳಿಯಿತು. ಅದೇ ಪಟ್ಟಿಯ ಮೇಲೆ ಕಿರದಳ್ಳಿ ತಾಂಡಾ ಇದೆ. ಲಂಬಾಣಿಗರ ಊರು. ಮಳೆ ನಂಬಿದ ಹೊಲ, ಕೂಲಿ, ಬೇಸಿಗೆಗೆ ಗುಳೆ. ಕುಡಿಯಲು ಬೋರ್‌ವೆಲ್ ನೀರು.

ಜಾದವಪುರ ವಿಶ್ವವಿದ್ಯಾಲಯದ ದೀಪಂಕರ ಚಕ್ರವರ್ತಿ ಪಶ್ಚಿಮ ಬಂಗಾಳದ ಆರ್ಸೆನಿಕ್ ದುರಂತವನ್ನು ಜಗತ್ತಿನ ಕಣ್ಣಿಗೆ ತಂದ ರಸಾಯನವಿಜ್ಞಾನಿ. ಅವರು ಮತ್ತು ಅವರ ತಂಡ ಕಿರದಳ್ಳಿ ತಾಂಡಾದಲ್ಲೂ ಕೆಲಸ ಮಾಡಿ 2013ರಲ್ಲಿ ವರದಿ ಪ್ರಕಟಿಸಿದರು. ಅವರು ಪರೀಕ್ಷಿಸಿದ ಕೊಳವೆಬಾವಿಗಳ 59 ನೀರಿನ ಮಾದರಿಗಳಲ್ಲಿ 79 ಶೇಕಡಾ ಮಾದರಿಗಳು ಲೀಟರಿಗೆ 10 ಮೈಕ್ರೊಗ್ರಾಂ ಎಂಬ ಮಿತಿಯನ್ನು ದಾಟಿದ್ದವು. ಅತಿ ಹೆಚ್ಚು ಕಂಡದ್ದು 303 ಮೈಕ್ರೊಗ್ರಾಂ, ಮಿತಿಯ ಮೂವತ್ತು ಪಟ್ಟು. ಮೇಲ್ಮಣ್ಣಿನ 12 ಮಾದರಿಗಳಲ್ಲಿ ಆರರಲ್ಲಿ ಕಿಲೋಗೆ 2,000 ಮಿಲಿಗ್ರಾಮಿಗಿಂತ ಹೆಚ್ಚು ಆರ್ಸೆನಿಕ್. ಸಾಮಾನ್ಯ ಹೊಲದ ಮಣ್ಣಿನಲ್ಲಿ ಅದು ಹತ್ತು ಮಿಲಿಗ್ರಾಮಿನ ಆಸುಪಾಸು ಇರುತ್ತದೆ. ಗಣಿಪುಡಿಯ ಕೈವಾಡವಿರಬಹುದು ಎಂದು ಅವರು ಹೇಳಿದ್ದು ಈ ಮಣ್ಣಿನ ಲೆಕ್ಕ ನೋಡಿಯೇ. ಶಿಲೆಯಿಂದ ಸಹಜವಾಗಿ ಬರುವ ಆರ್ಸೆನಿಕ್ಕೂ ನೀರಿಗೆ ಸೇರುತ್ತಿರಬಹುದು; ಎರಡರ ಪಾಲು ಬೇರ್ಪಡಿಸುವುದು ಸುಲಭವಲ್ಲ. ಪರೀಕ್ಷೆಗೆ ಬಂದ 181 ಜನರಲ್ಲಿ 58.6 ಶೇಕಡಾ ಜನರ ಚರ್ಮದಲ್ಲಿ ಆರ್ಸೆನಿಕ್ಕಿನ ಗುರುತುಗಳಿದ್ದವು.

ಆ ಗುರುತುಗಳು ಹೀಗಿರುತ್ತವೆ. ಮೊದಲು ಎದೆ, ಬೆನ್ನಿನ ಮೇಲೆ ಕಪ್ಪು ಮತ್ತು ಬಿಳಿ ಚುಕ್ಕೆ. ಆಮೇಲೆ ಅಂಗೈ ಒರಟಾಗುತ್ತದೆ. ಅಂಗಾಲಿನಲ್ಲಿ ಜೋಳದ ಕಾಳಿನಂಥ ಗಟ್ಟಿ ಗಂಟುಗಳು ಏಳುತ್ತವೆ, ಕೆಲವರಲ್ಲಿ ಬಿರಿದು ರಕ್ತ ಬರುತ್ತದೆ. ಹಗ್ಗ ಹಿಡಿಯುವ ಕೈಗೆ, ಕಳೆ ತೆಗೆಯುವ ಬೆರಳಿಗೆ, ಬರಿಗಾಲಿಗೆ ನೋವು. ಕೂಲಿಯವನ ಬಂಡವಾಳವೇ ಈ ಕೈಕಾಲು, ಅದಕ್ಕೇ ಮೊದಲ ಪೆಟ್ಟು ಬೀಳುತ್ತದೆ. ವರ್ಷಗಟ್ಟಲೆ ಅದೇ ನೀರು ಕುಡಿದವರಲ್ಲಿ ಚರ್ಮ, ಮೂತ್ರಕೋಶ ಮತ್ತು ಶ್ವಾಸಕೋಶದ ಕ್ಯಾನ್ಸರಿನ ಅಪಾಯ ಹೆಚ್ಚುತ್ತದೆ. ಇದು ಅಂಟುರೋಗವಲ್ಲ. ಆದರೂ ಬಂಗಾಳ ಮತ್ತು ಬಾಂಗ್ಲಾದೇಶದ ಹಳ್ಳಿಗಳಲ್ಲಿ ಇದನ್ನು ಕುಷ್ಠವೆಂದು ತಿಳಿದು ಹೆಣ್ಣು ಕೊಡುವುದು, ತರುವುದು ನಿಂತ ಉದಾಹರಣೆಗಳಿವೆ.

ಆರ್ಸೆನಿಕ್ಕಿಗೆ ರುಚಿಯಿಲ್ಲ, ವಾಸನೆಯಿಲ್ಲ, ಬಣ್ಣವಿಲ್ಲ. ನೀರು ತಿಳಿಯಾಗಿಯೇ ಇರುತ್ತದೆ. ಕುದಿಸಿ ಕುಡಿಯಿರಿ ಎಂದು ನಾವು ಎಲ್ಲಾ ಕಾಯಿಲೆಗೂ ಹೇಳುವ ಮಾತು ಇಲ್ಲಿ ತಿರುಗುಮುರುಗು: ನೀರು ಆವಿಯಾಗಿ ಹೋಗುತ್ತದೆ, ಆರ್ಸೆನಿಕ್ ಪಾತ್ರೆಯಲ್ಲೇ ಉಳಿದು ಇನ್ನಷ್ಟು ಸಾಂದ್ರವಾಗುತ್ತದೆ. ಪರೀಕ್ಷೆಯೊಂದೇ ದಾರಿ. ನಾರಾಯಣಪುರದ ಬಸವಸಾಗರದಿಂದ ಎಡದಂಡೆ ಕಾಲುವೆ ಹರಿಯುವ ತಾಲ್ಲೂಕು ಇದು. ನದಿನೀರನ್ನು ಶುದ್ಧ ಮಾಡಿ ನಳಕ್ಕೆ ಕೊಡುವುದು ಇಂಥ ಊರುಗಳಿಗೆ ಎಲ್ಲಕ್ಕಿಂತ ಭದ್ರವಾದ ಪರಿಹಾರ. ಫಿಲ್ಟರ್ ಕೂರಿಸಿ ಹೋಗುವುದು ಸುಲಭ. ಅದರ ಸೋಸುವ ಪದರವನ್ನು ಕಾಲಕಾಲಕ್ಕೆ ಬದಲಿಸುವವರು ಇಲ್ಲದಿದ್ದರೆ ಆರ್ಸೆನಿಕ್ ಮತ್ತೆ ಕೊಡಕ್ಕೇ ಇಳಿಯುತ್ತದೆ.

ಈ ತಾಂಡಾದ ಪಾಠವನ್ನು ಕೈಯಲ್ಲಿ ಹಿಡಿದುಕೊಂಡೇ ಶಹಾಪುರ ತಾಲ್ಲೂಕಿನ ಗೋಗಿಗೆ ಹೋಗಬೇಕು.

ಗೋಗಿ ಎಂದರೆ ಇತಿಹಾಸ ಓದಿದವರಿಗೆ ಚಂದಾ ಹುಸೇನಿ ದರ್ಗಾ, ಆದಿಲ್‌ಶಾಹಿ ಮನೆತನದ ಮೊದಲ ಸುಲ್ತಾನರ ಸಮಾಧಿ. ಅಣುಶಕ್ತಿ ಇಲಾಖೆಗೆ ಅದು ಯುರೇನಿಯಂ. ಭೀಮಾ ಕಣಿವೆಯ ಸುಣ್ಣಕಲ್ಲು ಮತ್ತು ಅದರ ಕೆಳಗಿನ ಹಳೆಯ ಗ್ರಾನೈಟ್ ಶಿಲೆ ಇಲ್ಲಿ ಒಂದು ದೊಡ್ಡ ಬಿರುಕಿನ ಗುಂಟ ಜರುಗಿವೆ. ಗೋಗಿ–ಕುರ್ಲಗೇರಿ ಸ್ತರಭಂಗ ಎಂದು ಅದಕ್ಕೆ ಹೆಸರು. ಜಜ್ಜಿಹೋದ ಆ ವಲಯದಲ್ಲಿ ಹಿಂದೆಂದೋ ಬಿಸಿ ದ್ರವ ಹರಿದು ಪಿಚ್‌ಬ್ಲೆಂಡ್, ಕಾಫಿನೈಟ್ ಎಂಬ ಯುರೇನಿಯಂ ಖನಿಜಗಳನ್ನು ಬಿಟ್ಟುಹೋಗಿದೆ. 1990ರ ದಶಕದಲ್ಲಿ ಪರಮಾಣು ಖನಿಜ ನಿರ್ದೇಶನಾಲಯದವರು ಇದನ್ನು ಪತ್ತೆಮಾಡಿದರು. ಆಮೇಲೆ ಭಾರತೀಯ ಯುರೇನಿಯಂ ನಿಗಮ ಪರಿಶೋಧನೆಗಾಗಿ ಗಣಿ ತೋಡಿತು. ಊರವರು ವಿರೋಧಿಸಿದರು.

ಗೋಗಿಯ ಅದಿರು ಭಾರತದ ಮಟ್ಟಿಗೆ ಒಳ್ಳೆಯದು. ಅದರಲ್ಲಿ ಸರಾಸರಿ 0.18 ಶೇಕಡಾ ಯುರೇನಿಯಂ ಆಕ್ಸೈಡ್ ಇದೆ ಎನ್ನುತ್ತಾರೆ. ಅಂದರೆ ಒಂದು ಟನ್ ಅದಿರಿನಿಂದ ಎರಡು ಕಿಲೋ ಕೂಡ ಸಿಗದು. ಉಳಿದ 998 ಕಿಲೋ ಪುಡಿಯಾಗಿ, ಕೆಸರಾಗಿ ಎಲ್ಲಾದರೂ ಒಂದು ಕಡೆ ಕೂರಬೇಕು. ಯುರೇನಿಯಂ ತೆಗೆದ ಮೇಲೆ ಆ ಕೆಸರು ನಿರುಪದ್ರವಿ ಎಂದುಕೊಂಡರೆ ತಪ್ಪು. ಯುರೇನಿಯಂ ಕ್ಷಯಿಸುತ್ತಾ ಹುಟ್ಟಿಸಿದ ಥೋರಿಯಂ, ರೇಡಿಯಂಗಳು ಅದರಲ್ಲೇ ಉಳಿದಿರುತ್ತವೆ. ಅದಿರಿನ ಮೂಲ ವಿಕಿರಣದಲ್ಲಿ ಸುಮಾರು 85 ಶೇಕಡಾ ಕೆಸರಿನ ಪಾಲಿಗೇ ಬರುತ್ತದೆ. ರೇಡಿಯಂ–226 ಅರ್ಧಕ್ಕೆ ಇಳಿಯಲು 1,600 ವರ್ಷ ಬೇಕು. ಅದನ್ನು ಹುಟ್ಟಿಸುತ್ತಲೇ ಇರುವ ಥೋರಿಯಂ–230ಕ್ಕೆ ಸುಮಾರು 75 ಸಾವಿರ ವರ್ಷ.

ನೀರಿನ ವಿಷಯಕ್ಕೆ ಬಂದರೆ ಗೋಗಿಯ ರಸಾಯನ ಇನ್ನೂ ಸೂಕ್ಷ್ಮ. ಆಮ್ಲಜನಕವಿಲ್ಲದ ಕಡೆ ಯುರೇನಿಯಂ ಕರಗುವುದಿಲ್ಲ ಎನ್ನಬಹುದು. ಗಾಳಿ ಸೋಕಿದ ನೀರು ತಗುಲಿದರೆ ಅದು ಯುರೇನೈಲ್ ಎಂಬ ರೂಪಕ್ಕೆ ಬದಲಾಗುತ್ತದೆ. ಆ ನೀರಿನಲ್ಲಿ ಕಾರ್ಬೊನೇಟ್ ಇದ್ದರೆ ಅದರ ಜೊತೆ ಕೂಡಿ ಸರಾಗವಾಗಿ ಹರಿಯುತ್ತದೆ. ಸುಣ್ಣಕಲ್ಲಿನ ನಾಡಿನಲ್ಲಿ ಕಾರ್ಬೊನೇಟಿಗೆ ಬರವೇ? ಗಣಿ ತೋಡುವಾಗ ಒಸರುವ ನೀರನ್ನು ಪಂಪಿನಿಂದ ಹೊರಹಾಕಬೇಕು. ಸುತ್ತಲಿನ ಜಲಮಟ್ಟ ಇಳಿಯುತ್ತದೆ, ಸಾವಿರಾರು ವರ್ಷ ನೀರಿನಲ್ಲಿ ಮುಳುಗಿದ್ದ ಬಿರುಕುಗಳಿಗೆ ಗಾಳಿ ನುಗ್ಗುತ್ತದೆ. ಹೊರಹಾಕಿದ ನೀರು ಹಳ್ಳ ಸೇರುತ್ತದೆ.

ಇಷ್ಟು ಹೇಳಿದ ಮೇಲೆ ಇನ್ನೊಂದು ಮಾತನ್ನೂ ನೇರವಾಗಿ ಹೇಳಬೇಕು. ಯುರೇನಿಯಂ ಇರುವ ಶಿಲೆಯ ಮೇಲಿನ ಊರುಗಳಲ್ಲಿ ಗಣಿ ಇಲ್ಲದೆಯೂ ಅಂತರ್ಜಲದಲ್ಲಿ ಯುರೇನಿಯಂ ಇರುತ್ತದೆ. ಗೋಗಿ ಸುತ್ತಲಿನ ಕೆಲವು ಬಾವಿಗಳಲ್ಲಿ ಅದು ವಿಶ್ವ ಆರೋಗ್ಯ ಸಂಸ್ಥೆಯ ಲೀಟರಿಗೆ 30 ಮೈಕ್ರೊಗ್ರಾಂ ಮಿತಿಗಿಂತ ಹೆಚ್ಚಿರುವುದನ್ನು ಸಂಶೋಧಕರು ದಾಖಲಿಸಿದ್ದಾರೆ. ಇಂಥ ನೀರಿನಿಂದ ಮೊದಲು ಹಾನಿಯಾಗುವುದು ಮೂತ್ರಪಿಂಡಕ್ಕೆ, ಅದೂ ವಿಕಿರಣಕ್ಕಿಂತ ಹೆಚ್ಚಾಗಿ ಭಾರಲೋಹದ ವಿಷಗುಣದಿಂದ. ಗಣಿ ಬರಲಿ, ಬಿಡಲಿ, ಅಲ್ಲಿನ ಜನಕ್ಕೆ ಬೇರೆ ನೀರು ಇವತ್ತೇ ಬೇಕು. ಇಂದಿನ ಅಂಕಿ ಬಾವಿ ಬಾವಿಗೂ ದಾಖಲಾಗದಿದ್ದರೆ ಮುಂದೆ ನೀರು ಕೆಟ್ಟಾಗ ‘ಇದು ಮೊದಲೇ ಹೀಗಿತ್ತು’ ಎಂಬ ಉತ್ತರ ಸಿದ್ಧವಾಗಿರುತ್ತದೆ.

ಸುಣ್ಣಕಲ್ಲಿನ ಅದಿರಿಗೆ ಆಮ್ಲ ಹಾಕಿದರೆ ಕಲ್ಲೇ ಆಮ್ಲವನ್ನೆಲ್ಲ ಕುಡಿದುಬಿಡುತ್ತದೆ. ಹಾಗಾಗಿ ಇಂಥ ಕಡೆ ಸೋಡಿಯಂ ಕಾರ್ಬೊನೇಟ್ ಬಳಸಿ ಯುರೇನಿಯಂ ಕರಗಿಸುತ್ತಾರೆ. ಆಂಧ್ರದ ಕಡಪಾ ಜಿಲ್ಲೆಯ ತುಮ್ಮಲಪಲ್ಲಿಯಲ್ಲಿ ಆ ಕ್ರಮವೇ ನಡೆದಿದೆ. ಅಲ್ಲಿನ ಕೆಸರುಕೊಳದ ಪಕ್ಕದ ರೈತರು ಬೋರಿನ ನೀರು ಕೆಟ್ಟು ಬೆಳೆ ಹೋಯಿತೆಂದು ವರ್ಷಗಳಿಂದ ದೂರುತ್ತಿದ್ದಾರೆ. ಶಹಾಪುರದವರು ಇದನ್ನು ಗಮನವಿಟ್ಟು ಕೇಳಬೇಕು, ಏಕೆಂದರೆ ಇಲ್ಲಿಯದು ಎರೆಭೂಮಿ. ಸೋಡಿಯಂ ಹೆಚ್ಚಿದರೆ ಎರೆಮಣ್ಣಿನ ಜೇಡಿಕಣಗಳು ಒಂದನ್ನೊಂದು ಬಿಟ್ಟು ಚದುರಿ, ಮಣ್ಣಿನ ಸಂದುಗಳನ್ನೆಲ್ಲ ಮುಚ್ಚಿಬಿಡುತ್ತವೆ. ನೀರು ಒಳಗಿಳಿಯದು, ಬೇರು ಉಸಿರಾಡದು. ತೊಗರಿ, ಹತ್ತಿ ಬೆಳೆಯುವವನಿಗೆ ಇದು ವಿಕಿರಣಕ್ಕಿಂತ ಮೊದಲು ಬರುವ ನಷ್ಟ. ಹೊಲದ ಹಿಡುವಳಿದಾರನಿಗೆ ಪರಿಹಾರ ಸಿಕ್ಕೀತು, ಅದೇ ಹೊಲದ ಕೂಲಿಯವನ ಹೆಸರು ಯಾವ ಪಟ್ಟಿಯಲ್ಲೂ ಇರುವುದಿಲ್ಲ.

ಮಾಹಿತಿ ಮುಚ್ಚಿದರೆ ಏನಾಗುತ್ತದೆ ಎಂಬುದಕ್ಕೆ ಟಿಬೆಟನ್ನರ ನಾಡಿನಲ್ಲಿ ಉದಾಹರಣೆ ಇದೆ. ಬೈಲುಕುಪ್ಪೆ, ಮುಂಡಗೋಡಗಳ ನಮ್ಮ ಟಿಬೆಟನ್ ನೆರೆಯವರ ಮೂಲ ನೆಲದ ಅಂಚಿನಲ್ಲಿ, ಈಗಿನ ಚೀನಾದ ಗಾನ್ಸು ಪ್ರಾಂತ್ಯದ ಗಾನ್ನಾನ್ ಟಿಬೆಟನ್ ಸ್ವಾಯತ್ತ ಪ್ರಾಂತದಲ್ಲಿ, 792 ಎಂಬ ಸಂಖ್ಯೆಯ ಯುರೇನಿಯಂ ಗಣಿ 1967ರಿಂದ ನಡೆಯಿತು. 2002ರಲ್ಲಿ ಅಧಿಕೃತವಾಗಿ ಮುಚ್ಚಿತು. ಅಲ್ಲಿನ ನೌಕರ ಸುನ್ ಶಿಯಾವೊದಿ ಕಲುಷಿತ ನೀರು ಮತ್ತು ಹೊರಗೆ ಮಾರಾಟವಾದ ವಿಕಿರಣಪೀಡಿತ ಯಂತ್ರಗಳ ಬಗ್ಗೆ ಹೊರಜಗತ್ತಿಗೆ ಹೇಳಿದರು. 2006ರಲ್ಲಿ ಅವರಿಗೆ ಅಂತರರಾಷ್ಟ್ರೀಯ ಪ್ರಶಸ್ತಿ ಬಂತು. 2009ರಲ್ಲಿ ಎರಡು ವರ್ಷದ ಶ್ರಮಶಿಬಿರದ ಶಿಕ್ಷೆಯೂ ಆಯಿತು.

ನಮ್ಮಲ್ಲಿ ಪ್ರತಿಭಟಿಸಬಹುದು, ನ್ಯಾಯಾಲಯಕ್ಕೆ ಹೋಗಬಹುದು, ಪತ್ರಿಕೆಯಲ್ಲಿ ಬರೆಯಬಹುದು. ಆದರೂ 1962ರ ಅಣುಶಕ್ತಿ ಕಾಯ್ದೆ ಸರ್ಕಾರಕ್ಕೆ ಮಾಹಿತಿ ತಡೆಹಿಡಿಯುವ ವಿಶಾಲ ಅಧಿಕಾರ ಕೊಟ್ಟಿತು. ಗಣಿಗೆ ಪರಿಸರ ಅನುಮತಿ ಕೊಡುವ ಮೊದಲು ಊರವರ ಅಹವಾಲು ಕೇಳುವ ಸಾರ್ವಜನಿಕ ಸಭೆಯಿಂದ ಅಣು ಖನಿಜಗಳ ಗಣಿಗಳಿಗೆ ಕೇಂದ್ರ ಪರಿಸರ ಸಚಿವಾಲಯ 2025ರ ಸೆಪ್ಟೆಂಬರಿನಲ್ಲಿ ವಿನಾಯಿತಿ ಕೊಟ್ಟಿತು. ನನ್ನ ದೃಷ್ಟಿಯಲ್ಲಿ ಇದು ಅನ್ಯಾಯ. ಅಹವಾಲು ಸಭೆಯೆಂದರೆ ಗೋಗಿಯ ಹೆಣ್ಣುಮಗಳೊಬ್ಬಳು ಅಧಿಕಾರಿಯ ಎದುರು ನಿಂತು, ನನ್ನ ಬಾವಿಯಲ್ಲಿ ಏನಿದೆ ಎಂದು ಕೇಳಿ ಆ ಪ್ರಶ್ನೆಯನ್ನು ಕಡತದಲ್ಲಿ ಬರೆಸುವ ಅವಕಾಶ. ವಿದ್ಯುತ್ತಿಗೆ ಯುರೇನಿಯಂ ಬೇಕು ಎಂಬ ವಾದವನ್ನು ನಾನು ತಳ್ಳಿಹಾಕುವುದಿಲ್ಲ. ಆ ವಾದ ಗೆಲ್ಲಬೇಕಾದದ್ದು ಆ ಹೆಣ್ಣುಮಗಳ ಎದುರಿನಲ್ಲೇ.

ಆಗಬೇಕಾದ ಕೆಲಸ ದೊಡ್ಡದೇನಲ್ಲ. ಗೋಗಿ ಸುತ್ತಲಿನ ಮತ್ತು ಮಂಗಳೂರು ಪಟ್ಟಿಯ ಪ್ರತಿ ಕುಡಿಯುವ ನೀರಿನ ಮೂಲಕ್ಕೂ ಮಳೆಗಾಲದ ಮೊದಲೊಮ್ಮೆ, ಆಮೇಲೊಮ್ಮೆ ಯುರೇನಿಯಂ, ಆರ್ಸೆನಿಕ್, ಫ್ಲೋರೈಡ್ ಪರೀಕ್ಷೆ. ಅದನ್ನು ಗಣಿ ತೋಡುವ ಸಂಸ್ಥೆಯಲ್ಲದ ಬೇರೆಯವರು ಮಾಡಬೇಕು. ಫಲಿತಾಂಶ ಕನ್ನಡದಲ್ಲಿ, ಬಾವಿಯ ಗುರುತು ಮತ್ತು ತಾರೀಖಿನ ಸಮೇತ, ಪಂಚಾಯಿತಿ ಗೋಡೆಯ ಮೇಲೆ ಬರಬೇಕು. ತಾಂಡಾಗಳ ಗೋಡೆಯ ಮೇಲೂ ಬರೆಸಬೇಕು, ಏಕೆಂದರೆ ಪಂಚಾಯಿತಿ ಕಚೇರಿ ಇರುವುದು ಊರಿನಲ್ಲಿ.